ಇಲ್ಲದ ಕಾಲಕ್ಕೊಂದು ಅಕಾಡೆಮಿ ಬೇಕಾ?

ಪ್ರಶ್ನೆ: ನಾನು ಮುಳಬಾಗಿಲು ಕಡೆಯ ಹಳ್ಳಿಯವನು. ಹೈಸ್ಕೂಲಿನಲ್ಲಿ 31 ವರ್ಷ ವಿಜ್ಞಾನ ಪಾಠ ಮಾಡಿ ನಿವೃತ್ತನಾಗಿದ್ದೇನೆ. ಹೋದ ವರ್ಷ ನಮ್ಮಣ್ಣ ತೀರಿಕೊಂಡರು. ಆಮೇಲಿಂದ ತಲೆಯಲ್ಲಿ ಒಂದೇ ಹುಳ, ಕಾಲ ಅಂದರೆ ಏನು ಅಂತ. ಕಾಲದ ಬಗ್ಗೆಯೇ ಯೋಚನೆ ಮಾಡುವ ಒಂದು ಅಕಾಡೆಮಿಯನ್ನು ಕಲ್ಪಿಸಿಕೊಂಡು, ಇನ್ನೂರು ಪುಟದ ನೋಟ್‌ಬುಕ್ಕಿನ ತುಂಬ ಅದರ ಪಾಠ, ಕಟ್ಟಡದ ನಕ್ಷೆ, ಗಂಟೆ ಎಲ್ಲಿ ತೂಗುಹಾಕಬೇಕು ಅನ್ನುವುದನ್ನೂ ಬರೆದಿಟ್ಟಿದ್ದೇನೆ. ಬೆಂಗಳೂರಲ್ಲಿ ಇಂಜಿನಿಯರ್ ಆಗಿರುವ ಅಣ್ಣನ ಮಗ "ಚಿಕ್ಕಪ್ಪಾ, ಕಾಲ ಅನ್ನೋದೇ ಇಲ್ಲ, ಐನ್‌ಸ್ಟೈನೇ ಭ್ರಮೆ ಅಂದಿದ್ದಾನೆ, ಇಲ್ಲದ್ದಕ್ಕೆ ಅಕಾಡೆಮಿ ಯಾಕೆ" ಅನ್ನುತ್ತಾನೆ. ಪರಿಚಯದವರೊಬ್ಬರು ನಮ್ಮ ಒಂದೆಕರೆ ಮಾವಿನ ತೋಪನ್ನು ಟ್ರಸ್ಟಿಗೆ ಬರೆದುಕೊಡಿ, ಐದು ಲಕ್ಷ ಹಾಕಿ, ಯುಗಚಕ್ರದಲ್ಲೇ ಸಾಪೇಕ್ಷತೆ ಇದೆ ಅಂತ ಬೋರ್ಡು ಹಾಕಿ ಡಿಪ್ಲೊಮಾ ಕೊಡೋಣ ಅನ್ನುತ್ತಾರೆ. ಮನೆಯವಳು ಮೊದಲು ಹೋಗಿ ಬಿಪಿ ತೋರಿಸಿಕೊಂಡು ಬನ್ನಿ ಅನ್ನುತ್ತಾಳೆ. ಏನು ಮಾಡಲಿ? ಇನ್ನೊಂದು ಕೇಳಲಾ, ಹೋದ ಕಾಲ ನಿಜವಾಗಿಯೂ ಹೋಗಿರುತ್ತದಾ?

ಉತ್ತರ: ಮೇಷ್ಟ್ರೇ, ಬಿಪಿ ತೋರಿಸಿಕೊಂಡು ಬನ್ನಿ. ಅದಕ್ಕೂ ಅಕಾಡೆಮಿಗೂ ಸಂಬಂಧ ಇಲ್ಲ, ಆದರೂ ಮನೆಯವರ ಮಾತು ಮೊದಲು ನಡೆಯಲಿ.

ನಾನು ತುಮಕೂರಿನ ಕಾಲೇಜೊಂದರಲ್ಲಿ ಇಪ್ಪತ್ತೇಳು ವರ್ಷ ತತ್ವಶಾಸ್ತ್ರ ಹೇಳಿಕೊಟ್ಟವನು. ಕಾಲದ ಪಾಠದ ದಿನ ಮಾತ್ರ ಹಿಂದಿನ ಬೆಂಚಿನವರೂ ನೆಟ್ಟಗೆ ಕೂರುತ್ತಿದ್ದರು. ಆದ್ದರಿಂದ ನಿಮಗೆ ಹುಚ್ಚು ಅಂತ ನಾನಂತೂ ಹೇಳುವುದಿಲ್ಲ. 1966ರಲ್ಲಿ ಜೆ.ಟಿ. ಫ್ರೇಸರ್ ಅನ್ನುವವರು ಕಾಲದ ಅಧ್ಯಯನಕ್ಕೆಂದೇ ಒಂದು ಅಂತರರಾಷ್ಟ್ರೀಯ ಸಂಘ ಶುರು ಮಾಡಿದರು. ಭೌತಶಾಸ್ತ್ರದವರು, ಸಂಗೀತದವರು, ತತ್ವಶಾಸ್ತ್ರದವರು ಎಲ್ಲ ಮೂರು ವರ್ಷಕ್ಕೊಮ್ಮೆ ಸೇರಿ ಜಗಳ ಆಡುತ್ತಾರೆ. ಹುಚ್ಚೇ ಆದರೆ ಜೊತೆಗಾರರು ಇದ್ದಾರೆ.

ನಿಮ್ಮ ಪತ್ರದಲ್ಲಿ ಮೂರು ಪ್ರಶ್ನೆ ಒಂದಕ್ಕೊಂದು ಸಿಕ್ಕುಬಿದ್ದಿವೆ. ಕಾಲ ಇದೆಯಾ ಇಲ್ವಾ, ತೋಪು ಬರೆದುಕೊಡಬೇಕಾ ಬೇಡ್ವಾ, ಆಮೇಲೆ ಕೊನೇ ಸಾಲಿನಲ್ಲಿ ಮೆಲ್ಲಗೆ ಕೇಳಿದ್ದು. ಅದೇ ನಿಜವಾದ ಪ್ರಶ್ನೆ ಅಂತ ನನಗೆ ಅನ್ನಿಸಿತು. ಆದರೆ ಸ್ವಲ್ಪ ಸುತ್ತಿಕೊಂಡು ಅಲ್ಲಿಗೆ ಬರೋಣ, ಯಾಕೆಂದರೆ ದಾರಿಯಲ್ಲಿ ಕಸ ತುಂಬ ಇದೆ.

ಮೊದಲು ಆ ಐನ್‌ಸ್ಟೈನ್ ಮಾತು. ಅದು ಸಂಶೋಧನಾ ಲೇಖನದಲ್ಲಿ ಬಂದದ್ದಲ್ಲ. 1955ರ ಮಾರ್ಚಿನಲ್ಲಿ ಅವರ ಹಳೇ ಗೆಳೆಯ ಮಿಕೇಲೆ ಬೆಸ್ಸೊ ತೀರಿಹೋದಾಗ ಮನೆಯವರಿಗೆ ಬರೆದ ಸಂತಾಪದ ಕಾಗದದಲ್ಲಿ ಬಂದದ್ದು. ಭೌತಶಾಸ್ತ್ರವನ್ನು ನಂಬಿದ ನಮ್ಮಂಥವರಿಗೆ ಹಿಂದೆ, ಈಗ, ಮುಂದೆ ಅನ್ನುವ ಭೇದ ಒಂದು ಭ್ರಮೆ, ಎಷ್ಟೇ ಹಠ ಹಿಡಿದು ಕೂತಿದ್ದರೂ ಭ್ರಮೆಯೇ ಅನ್ನುವ ಅರ್ಥದ ಮಾತು. ಒಂದು ತಿಂಗಳಾಗುವಷ್ಟರಲ್ಲಿ, ಏಪ್ರಿಲ್ 18ಕ್ಕೆ, ಅವರೂ ಹೋದರು. ಇಲ್ಲಿ ಎರಡು ಗಮನಿಸಿ. ಒಂದು, ದುಃಖದಲ್ಲಿರುವವರಿಗೆ ಬರೆದ ಕಾಗದವನ್ನು ಸೂತ್ರದ ಹಾಗೆ ಓದಬಾರದು. ಇನ್ನೊಂದು, ಭ್ರಮೆ ಅಂದದ್ದು ಆ ಭೇದವನ್ನು. ಕಾಲವನ್ನೇ ಅಲ್ಲ. ಕಾಲ ಇಲ್ಲದಿದ್ದರೆ ಅವರ ಸಮೀಕರಣದಲ್ಲಿ ಕಾಲವನ್ನು ಸೂಚಿಸುವ ಆ "ಟಿ" ಏನು ಮಾಡುತ್ತಿತ್ತು ಹೇಳಿ?

1905ರಲ್ಲಿ ಐನ್‌ಸ್ಟೈನ್ ಮುಂದಿಟ್ಟ ಸಾಪೇಕ್ಷತೆಯ ಸಿದ್ಧಾಂತ ಹೇಳಿದ್ದು ಬೇರೆ. ದೂರದ ಎರಡು ಘಟನೆ "ಒಂದೇ ಹೊತ್ತಿಗೆ" ಆದವಾ ಅನ್ನುವುದಕ್ಕೆ ಎಲ್ಲರಿಗೂ ಒಪ್ಪುವ ಒಂದೇ ಉತ್ತರ ಇಲ್ಲ, ನೋಡುವವನ ಚಲನೆಯ ಮೇಲೆ ಅದು ಬದಲಾಗುತ್ತದೆ. ಇದಕ್ಕೆ ಸಾಕ್ಷಿ ನಿಮ್ಮ ಜಿಲ್ಲೆಯಲ್ಲೇ ಮಳೆ ಹಾಗೆ ಸುರಿಯುತ್ತಿದೆ. ಆಕಾಶದಲ್ಲಿ ಹತ್ತು ಹದಿನೈದು ಕಿಲೋಮೀಟರ್ ಮೇಲೆ ಬಾಹ್ಯಾಕಾಶದಿಂದ ಬರುವ ಕಾಸ್ಮಿಕ್ ಕಿರಣಗಳಿಂದ ಮ್ಯುವಾನ್ ಅನ್ನುವ ಕಣಗಳು ಹುಟ್ಟುತ್ತವೆ. ಒಂದು ಸೆಕೆಂಡನ್ನು ಹತ್ತು ಲಕ್ಷ ಭಾಗ ಮಾಡಿದರೆ, ಅವುಗಳ ಸರಾಸರಿ ಆಯಸ್ಸು ಅದರಲ್ಲಿ 2.2 ಭಾಗ. ಬೆಳಕಿನ ವೇಗದಲ್ಲಿ ಓಡಿದರೂ ಅಷ್ಟರಲ್ಲಿ ಸುಮಾರು 660 ಮೀಟರ್ ದಾಟಬಹುದು, ಅಲ್ವಾ? ಆದರೂ ನೆಲದ ತನಕ ಬರುತ್ತವೆ, ನೆಲದೊಳಕ್ಕೂ ಇಳಿಯುತ್ತವೆ. ಯಾಕೆಂದರೆ ನಮ್ಮ ಗಡಿಯಾರದ ಲೆಕ್ಕದಲ್ಲಿ ಅವುಗಳ ಕಾಲ ನಿಧಾನ ಓಡುತ್ತಿದೆ. ನಿಮ್ಮ ಪಕ್ಕದ ಕೆಜಿಎಫ್ ಗಣಿಯಲ್ಲಿ 1960ರ ದಶಕದಲ್ಲಿ ವಿಜ್ಞಾನಿಗಳು ಎರಡು ಕಿಲೋಮೀಟರಿಗೂ ಆಳಕ್ಕೆ ಉಪಕರಣ ಇಳಿಸಿ ಕೂತದ್ದು ಈ ಮ್ಯುವಾನ್‌ಗಳ ಗಲಾಟೆ ತಪ್ಪಿಸಿಕೊಳ್ಳಲೆಂದೇ. 1965ರಲ್ಲಿ ಅಲ್ಲಿ ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೊ ಅನ್ನುವ ಇನ್ನೊಂದು ಥರದ ಕಣಗಳ ಸುಳಿವು ಸಿಕ್ಕಿತು. ಚಿನ್ನ ಕಡಿಮೆಯಾಗಿ, ತೆಗೆಯುವ ಖರ್ಚು ಹೆಚ್ಚಾಗಿ 2001ರಲ್ಲಿ ಗಣಿ ಮುಚ್ಚಿತು. ಕೆಜಿಎಫ್ ಅಂದರೆ ಈಗಿನ ಮಕ್ಕಳಿಗೆ ನೆನಪಾಗುವುದು ಬೇರೇನೇ, ಬಿಡಿ.

ಅಂದರೆ ಕಾಲ ಹಿಗ್ಗುತ್ತದೆ, ಕುಗ್ಗುತ್ತದೆ, ಅಳತೆಗೆ ಸಿಗುತ್ತದೆ. ನಿಮ್ಮ ಅಣ್ಣನ ಮಗನ ಫೋನಿನಲ್ಲಿ ದಾರಿ ತೋರಿಸುವ ಜಿಪಿಎಸ್ ಉಪಗ್ರಹದ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡ್, ಅಂದರೆ ಸೆಕೆಂಡಿನ ಹತ್ತು ಲಕ್ಷ ಭಾಗದಲ್ಲಿ 38 ಭಾಗ, ಮುಂದೆ ಓಡುತ್ತದೆ. ಅದನ್ನು ಮೊದಲೇ ಸರಿಪಡಿಸಿ ಇಡದಿದ್ದರೆ ದಾರಿ ತಪ್ಪುತ್ತದೆ. ಇಲ್ಲದ ವಸ್ತುವಿಗೆ ಯಾರಾದರೂ ಇಷ್ಟು ತಲೆ ಕೆಡಿಸಿಕೊಳ್ಳುತ್ತಾರಾ ಅಂತ ಅವನನ್ನೇ ಕೇಳಿ.

ಕಾಲ ಇಲ್ಲ ಅನ್ನುವ ವಾದವೇ ಇಲ್ಲ ಅಂತಲ್ಲ. ಅದರಲ್ಲಿ ಹೆಸರಾದ ವಾದ ಭೌತಶಾಸ್ತ್ರದಿಂದ ಬಂದದ್ದಲ್ಲ ಅಷ್ಟೇ. 1908ರಲ್ಲಿ ಕೇಂಬ್ರಿಡ್ಜಿನ ದಾರ್ಶನಿಕ ಮೆಕ್‌ಟಗಾರ್ಟ್ ಅದನ್ನು ಮುಂದಿಟ್ಟ. ನಾವು ಕಾಲವನ್ನು ಎರಡು ಥರ ಜೋಡಿಸುತ್ತೇವೆ ಅಂದ. ಒಂದು, ಇದು ಮೊದಲು ಅದು ಆಮೇಲೆ ಅಂತ. ಈ ಜೋಡಣೆ ಬದಲಾಗುವುದಿಲ್ಲ. ನಿಮ್ಮ ಮದುವೆ ನಿಮ್ಮ ನಿವೃತ್ತಿಗಿಂತ ಮೊದಲು, ಎಂದೆಂದಿಗೂ ಮೊದಲೇ. ಇನ್ನೊಂದು, ಹೋದದ್ದು, ಈಗಿನದು, ಬರುವುದು ಅಂತ. ಇದು ಜಾರುತ್ತಲೇ ಇರುತ್ತದೆ. ಕಾಲ ಅನ್ನಿಸಿಕೊಳ್ಳಬೇಕಾದರೆ ಜಾರಬೇಕು, ಆದರೆ ಜಾರುವುದನ್ನು ವಿವರಿಸಲು ಹೋದರೆ ಒಂದೇ ಘಟನೆ ಬರುವುದೂ ಈಗಿನದೂ ಹೋದದ್ದೂ ಮೂರೂ ಆಗಬೇಕಾಗುತ್ತದೆ, ಅದು ವಿರೋಧ, ಆದ್ದರಿಂದ ಕಾಲವೇ ಮಿಥ್ಯೆ ಅನ್ನುವುದು ಅವನ ತೀರ್ಮಾನ. "ಒಂದೇ ಸಲಕ್ಕೆ ಮೂರೂ ಆಗಲ್ಲವಲ್ಲ ಸಾರ್, ಒಂದಾದ ಮೇಲೊಂದು ಆಗುತ್ತೆ" ಅಂತ ನನ್ನ ಹುಡುಗರು ಪ್ರತಿ ವರ್ಷ ಕೂಗುತ್ತಿದ್ದರು. "ಒಂದಾದ ಮೇಲೊಂದು" ಅಂದ ಕೂಡಲೇ ಮತ್ತೆ ಕಾಲವನ್ನೇ ಎಳೆದು ತಂದಿರಲ್ಲಪ್ಪಾ ಅನ್ನುತ್ತಿದ್ದೆ. ಗಂಟೆ ಹೊಡೆಯುತ್ತಿತ್ತು. ಕಾಲ ಸಿಗದೇ ಕ್ಲಾಸು ಮುಗಿಯುತ್ತಿತ್ತು.

ನನಗೆ ಆ ವಾದ ಪೂರ್ತಿ ಒಪ್ಪಿಗೆ ಇಲ್ಲ. ವ್ಯಾಕರಣದ ಕಾಲವನ್ನು ಜಗತ್ತಿನ ಕಾಲ ಅಂತ ತಿಳಿದುಕೊಳ್ಳುವ ಅಪಾಯ ಅದರಲ್ಲಿದೆ. ಹಿತ್ತಲಿನಿಂದ ಯಾರಾದರೂ ಕೂಗಿದರೆ ನಾವು "ಬಂದೆ ಬಂದೆ" ಅನ್ನುತ್ತೇವೆ. ಇನ್ನೂ ಚಪ್ಪಲಿಯೇ ಮೆಟ್ಟಿರುವುದಿಲ್ಲ. ಹೋಗುವಾಗ "ಬರ್ತೀನಿ" ಅನ್ನುತ್ತೇವೆ. ಕನ್ನಡದ ಕ್ರಿಯಾಪದ ನಂಬಿಕೊಂಡು ತತ್ವಶಾಸ್ತ್ರ ಮಾಡಿದರೆ ಭೂತ ಭವಿಷ್ಯ ಎಲ್ಲ ತಲೆಕೆಳಗು. ಆದರೆ ಪದಗಳು ಸುಮ್ನೆ ಅಲ್ಲ. "ಹೊತ್ತು" ಅಂದರೆ ವೇಳೆಯೂ ಹೌದು, ಸೂರ್ಯನೂ ಹೌದು. ಹೊತ್ತು ಮುಳುಗಿತು ಅನ್ನುತ್ತೇವಲ್ಲ. ನೋಟ್‌ಬುಕ್ಕಿನಲ್ಲಿ ಇದಕ್ಕೊಂದು ಪುಟ ಕೊಡಿ.

ಈಗ ಆ ಬೋರ್ಡಿನ ವಿಷಯ. ನಮ್ಮದು ಚಕ್ರದ ಕಾಲ, ಪಶ್ಚಿಮದವರದು ನೇರ ಗೆರೆಯ ಕಾಲ ಅನ್ನುವ ಮಾತನ್ನು ಎಷ್ಟು ಭಾಷಣದಲ್ಲಿ ಕೇಳಿದ್ದೇನೋ ಲೆಕ್ಕ ಇಲ್ಲ. ಎರಡೂ ಕಡೆ ತಪ್ಪು. ಗ್ರೀಸಿನ ಸ್ಟೋಯಿಕರು ಅನ್ನುವ ದಾರ್ಶನಿಕರು ಇಡೀ ಜಗತ್ತು ಸುಟ್ಟು ಮತ್ತೆ ಹಾಗೇ ಹುಟ್ಟುತ್ತದೆ ಅಂದವರು. ನಮ್ಮ ವೈಶೇಷಿಕ ದರ್ಶನದವರು ಕಾಲವನ್ನು ಒಂಬತ್ತು ದ್ರವ್ಯಗಳಲ್ಲಿ ಒಂದು ಅಂತ ಎಣಿಸಿ, ಅದು ಒಂದೇ, ನಿತ್ಯ, ಎಲ್ಲೆಲ್ಲೂ ಇದೆ ಅಂದರು. ಮೊದಲು, ಆಮೇಲೆ, ಒಟ್ಟಿಗೆ, ಬೇಗ, ತಡ ಅನ್ನುವ ತಿಳಿವಳಿಕೆ ನಮಗೆ ಬರುತ್ತದಲ್ಲ, ಅದರಿಂದ ಕಾಲವನ್ನು ಊಹಿಸಬೇಕು ಅನ್ನುವುದು ಅವರ ದಾರಿ. ಇದರಲ್ಲಿ ಚಕ್ರ ಎಲ್ಲಿದೆ? ಜೈನರ ಏರುಕಾಲ ಇಳಿಕಾಲ ಇದೆ, 43,20,000 ವರ್ಷದ ಮಹಾಯುಗದ ಲೆಕ್ಕವೂ ಇದೆ. ಆದರೆ ತಿರುಗುವುದು ಘಟನೆಗಳ ಸರದಿ. ಹಾಗಂತ ಕಾಲವೇ ತಿರುಗುತ್ತದೆ ಅಂತ ಹೇಳಲು ಇನ್ನೊಂದು ವಾದ ಬೇಕು.

ಇದಕ್ಕೆ ಪುಸ್ತಕವೂ ಬೇಡ. ಮುಳಬಾಗಿಲು ವಿಜಯನಗರದವರ ಕಾಲದಲ್ಲಿ ದೊಡ್ಡ ಊರು, ಸುತ್ತಮುತ್ತ ಗುಡಿಗಳ ಮುಂದೆ ಆ ಕಾಲದ ಶಾಸನ ಸಿಕ್ಕೇ ಸಿಗುತ್ತವೆ. ಮೊದಲ ಸಾಲು ಓದಿಸಿ. ಶಾಲಿವಾಹನ ಶಕ ವರುಷ ಇಷ್ಟು ಅಂತ ಒಂದು ಸಂಖ್ಯೆ ಇರುತ್ತದೆ. ಅದು ಏರುತ್ತಲೇ ಹೋಗುವ ಎಣಿಕೆ, ವಾಪಸ್ ಬರುವುದಿಲ್ಲ. ಅದರ ಪಕ್ಕದಲ್ಲೇ ಸಂವತ್ಸರದ ಹೆಸರು ಇರುತ್ತದೆ. ಅದು 60 ವರ್ಷಕ್ಕೊಮ್ಮೆ ತಿರುಗಿ ಬರುವುದು. ಆಮೇಲೆ ಮಾಸ, ತಿಥಿ. ಆ ಕಲ್ಲು ಕಡೆದವನಿಗೆ ಗೆರೆ, ಚಕ್ರ ಎರಡೂ ಒಂದೇ ಸಾಲಿನಲ್ಲಿ ಬೇಕಿತ್ತು. ಕೊಟ್ಟ ಜಮೀನು ಸೂರ್ಯಚಂದ್ರರು ಇರುವ ತನಕ ಅಂತ ಕೊನೆಗೆ ಇನ್ನೊಂದು ಕಾಲವನ್ನೂ ಸೇರಿಸುತ್ತಿದ್ದರು. ನಿಮ್ಮ ಅಕಾಡೆಮಿಗೆ ಇದಕ್ಕಿಂತ ಒಳ್ಳೆಯ ಮೊದಲ ಪಾಠ ನನಗೆ ಗೊತ್ತಿಲ್ಲ.

ಸಾಪೇಕ್ಷತೆ ಪುರಾಣದಲ್ಲೇ ಇತ್ತು ಅನ್ನುವವರು ಸಾಮಾನ್ಯವಾಗಿ ಕಕುದ್ಮಿ ರಾಜನ ಕಥೆ ತೆಗೆಯುತ್ತಾರೆ. ಮಗಳು ರೇವತಿಗೆ ಗಂಡು ಕೇಳಲು ಬ್ರಹ್ಮಲೋಕಕ್ಕೆ ಹೋಗಿ, ಒಂದು ಹಾಡು ಮುಗಿಯುವ ತನಕ ಕಾದು ಬರುವಷ್ಟರಲ್ಲಿ ಇಲ್ಲಿ 27 ಚತುರ್ಯುಗ, ಅಂದರೆ 27 ಮಹಾಯುಗ, ಕಳೆದಿತ್ತಂತೆ. ಅದ್ಭುತ ಕಥೆ, ಕ್ಲಾಸಿನಲ್ಲಿ ನಾನೇ ಹೇಳುತ್ತಿದ್ದೆ. ಬೇರೆ ಬೇರೆ ಕಡೆ ಕಾಲ ಬೇರೆ ಬೇರೆ ಓಡಬಹುದು ಅಂತ ಒಬ್ಬರಿಗೆ ಹೊಳೆದಿತ್ತಲ್ಲ, ಅದೇ ದೊಡ್ಡದು. ಆದರೆ ಯಾವ ವೇಗಕ್ಕೆ ಎಷ್ಟು ವ್ಯತ್ಯಾಸ ಅನ್ನುವ ಲೆಕ್ಕ ಅದರಲ್ಲಿ ಇಲ್ಲ, ಮ್ಯುವಾನ್‌ಗೆ ಅದನ್ನು ಹಚ್ಚಿ ನೋಡಲು ಆಗುವುದಿಲ್ಲ. ಕಥೆಯನ್ನು ಕಥೆಯಾಗಿ ಉಳಿಸಿಕೊಳ್ಳಿ. ಬೋರ್ಡಿನ ಮೇಲೆ ಏರಿಸಿದರೆ ಕಥೆಯೂ ಹಾಳು, ಭೌತಶಾಸ್ತ್ರವೂ ಹಾಳು. 31 ವರ್ಷ ವಿಜ್ಞಾನದ ಮೇಷ್ಟ್ರಾಗಿದ್ದವರ ಹೆಸರೂ ಅದರ ಜೊತೆಗೆ.

ಭವಿಷ್ಯ ಆಗಲೇ ಬರೆದಾಗಿದೆಯಾ ಅಂತ ನೀವು ಕೇಳಿಲ್ಲ. ಆದರೆ ಅಕಾಡೆಮಿ ಬಾಗಿಲು ತೆಗೆದ ದಿನ ಮೊದಲು ಬರುವವನು ಇದನ್ನೇ ಕೇಳುತ್ತಾನೆ, ಜಾತಕ ಕೈಯಲ್ಲಿ ಹಿಡಿದುಕೊಂಡು. ಅರಿಸ್ಟಾಟಲ್ ಇದಕ್ಕೆ ನಾಳೆಯ ಸಮುದ್ರ ಯುದ್ಧದ ಉದಾಹರಣೆ ಕೊಟ್ಟ. ನಮಗೆ ಸಮುದ್ರ ಇಲ್ಲ, ಕೋಲಾರದ ಟೊಮೆಟೊ ಮಾರ್ಕೆಟ್ ಇದೆ. "ನಾಳೆ ಬಾಕ್ಸು ಐನೂರಕ್ಕೆ ಹೋಗುತ್ತದೆ" ಅಂತ ಒಬ್ಬ ರೈತ ಇವತ್ತು ಅನ್ನುತ್ತಾನೆ. ಆ ಮಾತು ಇವತ್ತೇ ನಿಜವೋ ಸುಳ್ಳೋ ಆಗಿದ್ದರೆ, ನಾಳೆಯದು ಇವತ್ತೇ ತೀರ್ಮಾನ ಆದ ಹಾಗೆ. ಹಾಗಿದ್ದರೆ ಹಣ್ಣು ಕೀಳಿಸುವುದು ಯಾಕೆ, ಗಾಡಿ ಹೇಳುವುದು ಯಾಕೆ? ಇಲ್ಲಿ ಎಡವುವುದು ಎಲ್ಲಿ ಅಂದರೆ, ನಾಳೆ ರೇಟು ಐನೂರು ಆಗುವುದರಲ್ಲಿ ಇವತ್ತು ಹಣ್ಣು ಕಿತ್ತದ್ದೂ ಸೇರಿದೆ ಅನ್ನುವುದನ್ನು ಮರೆಯುವುದರಲ್ಲಿ. ಕೀಳದಿದ್ದರೆ ಯಾವ ಬಾಕ್ಸು, ಯಾವ ರೇಟು? ಇದರಿಂದ ಸಮಸ್ಯೆ ಪೂರ್ತಿ ಬಗೆಹರಿಯುವುದಿಲ್ಲ, ಗೊತ್ತು. ಕೈ ಕಟ್ಟಿ ಕೂರಲು ನೆಪ ಆಗುವುದಿಲ್ಲ ಅನ್ನುವಷ್ಟು ಗಟ್ಟಿ.

ಇನ್ನು ನಿಮ್ಮ ಕೊನೇ ಸಾಲು. ಹೋದ ಕಾಲ ಹೋಗಿರುತ್ತದಾ?

ಈಗ ಇರುವುದಷ್ಟೇ ಇದೆ, ಹೋದದ್ದು ಹೋಯಿತು ಅನ್ನುವುದು ಒಂದು ಪಕ್ಷ. ನಮಗೆಲ್ಲ ಸಹಜವಾಗಿ ಬರುವುದು ಅದೇ. ಎದುರು ಪಕ್ಷ, ಹೋದದ್ದು ಬರುವುದು ಎಲ್ಲವೂ ಸಮನಾಗಿ ಇವೆ, ಊರುಗಳು ಇದ್ದ ಹಾಗೆ, ನಾವು ಕೋಲಾರದಲ್ಲಿ ನಿಂತಿದ್ದೇವೆ ಅಂತ ಬಂಗಾರಪೇಟೆ ಇಲ್ಲವಾಗುವುದಿಲ್ಲ ಅನ್ನುತ್ತದೆ. ಐನ್‌ಸ್ಟೈನ್ ಕಾಗದದ ಹಿಂದೆ ಇರುವುದು ಈ ಚಿತ್ರ. ನಮ್ಮಲ್ಲಿ ಬೌದ್ಧರ ಒಂದು ಪಂಥದವರಾದ ಸರ್ವಾಸ್ತಿವಾದಿಗಳು ಇದರ ಹತ್ತಿರಕ್ಕೆ ಬಂದಿದ್ದರು. ಮೂರು ಕಾಲದ ಧರ್ಮಗಳೂ, ಅಂದರೆ ಅವರ ಮಾತಿನಲ್ಲಿ ಇರುವಿಕೆಯ ಮೂಲ ಅಂಶಗಳೂ, ಇವೆ, ಆದರೆ ಕೆಲಸ ಮಾಡುವುದು ಈಗಿನದು ಮಾತ್ರ ಅಂದರು. ಬೌದ್ಧ ದಾರ್ಶನಿಕನೇ ಆದ ನಾಗಾರ್ಜುನ ಬಂದು, ಹೋದದ್ದನ್ನು ಬಿಟ್ಟು ಈಗಿನದನ್ನು ಹೇಳಲು ಆಗುವುದಿಲ್ಲ, ಹೋದದ್ದನ್ನು ನೆಚ್ಚಿಕೊಂಡರೆ ಈಗಿನದೂ ಹೋದದ್ದರಲ್ಲೇ ಇರಬೇಕಾಗುತ್ತದೆ ಅಂತ ಇಬ್ಬರ ಕಾಲೂ ಎಳೆದ. 1923ರಲ್ಲಿ ಬ್ರಾಡ್ ಅನ್ನುವ ಇಂಗ್ಲಿಷ್ ದಾರ್ಶನಿಕ ನಡುವಿನ ದಾರಿ ಹೇಳಿದ. ಹೋದದ್ದು ಇದೆ, ಈಗಿನದು ಇದೆ, ಬರುವುದು ಮಾತ್ರ ಇನ್ನೂ ಇಲ್ಲ. ಗೋಡೆಗೆ ಕಲ್ಲಿನ ಮೇಲೆ ಕಲ್ಲು ಸೇರುವ ಹಾಗೆ ಇರುವುದು ಬೆಳೆಯುತ್ತಾ ಹೋಗುತ್ತದೆ.

ನನ್ನ ಒಲವು ಆ ಗೋಡೆಯ ಕಡೆಗೆ. ಸಾಪೇಕ್ಷತೆ ಬಂದ ಮೇಲೆ "ಗೋಡೆಯ ಈಗಿನ ತುದಿ" ಯಾರ ಈಗ ಅಂತ ಕೇಳಿದರೆ ನನ್ನ ಹತ್ತಿರ ಚೊಕ್ಕ ಉತ್ತರ ಇಲ್ಲ. ಆದರೂ ಒಂದಂತೂ ಮೂರೂ ಪಕ್ಷದವರು ಒಪ್ಪಬೇಕಾದದ್ದು. ನಿಮ್ಮಣ್ಣ ಇದ್ದರು, ನಿಮ್ಮನ್ನು ಸೈಕಲ್ ಹಿಂದೆ ಕೂರಿಸಿಕೊಂಡು ಸ್ಕೂಲಿಗೆ ಬಿಟ್ಟಿರಬಹುದು, ಬೈದಿರಬಹುದು. ಅದು ಆಗಿಲ್ಲ ಅಂತ ಯಾವ ಕಾಲವೂ ಮಾಡಲು ಆಗುವುದಿಲ್ಲ. ಅವರು ಎಲ್ಲೋ ಒಂದು ಕಡೆ ಬದುಕಿಯೇ ಇದ್ದಾರೆ ಅಂತ ಇದರಿಂದ ಹೇಳಿಕೊಳ್ಳಬೇಡಿ, ಭೌತಶಾಸ್ತ್ರ ಅಷ್ಟು ಕೊಡುವುದಿಲ್ಲ. ಕೊಡುತ್ತದೆ ಅಂತ ಹೇಳಿ ದುಡ್ಡು ಕೇಳುವವರು ಬರುತ್ತಾರೆ, ಹುಷಾರು. ನಮ್ಮ ತಾಯಿ ಹೋದಾಗ ನಾನೂ ಆ ಬೆಸ್ಸೊ ಕಾಗದ ನಾಲ್ಕು ಸಲ ಓದಿದ್ದೆ. ಸಮಾಧಾನ ಆಯಿತಾ ಅಂದರೆ, ಸ್ವಲ್ಪ ಆಯಿತು. ಯಾಕೆ ಅಂತ ಇನ್ನೂ ಹೇಳಲು ಬರುವುದಿಲ್ಲ.

ಈಗ ತೋಪಿನ ಮಾತು. ಪ್ಲೇಟೊನ ಮೂಲ ಅಕಾಡೆಮಿಯೂ ಶುರುವಾದದ್ದು ತೋಪಿನಲ್ಲೇ. ಕ್ರಿ.ಪೂ. 387ರ ಸುಮಾರಿಗೆ, ಅಥೆನ್ಸ್ ಕೋಟೆಯ ಹೊರಗೆ, ಆಲಿವ್ ಮರಗಳ ನಡುವೆ. ಅಕಾಡೆಮಸ್ ಅನ್ನುವ ವೀರನ ಹೆಸರಿನ ಜಾಗ, ಅದರಿಂದಲೇ ಅಕಾಡೆಮಿ ಅನ್ನುವ ಪದ. ಯಾರೂ ಸರ್ಟಿಫಿಕೇಟ್ ಕೇಳಲಿಲ್ಲ.

ಡಿಪ್ಲೊಮಾ ವಿಷಯದಲ್ಲಿ ಖಡಾಖಂಡಿತ ಬೇಡ. 1956ರ ಯುಜಿಸಿ (ವಿಶ್ವವಿದ್ಯಾಲಯ ಅನುದಾನ ಆಯೋಗ) ಕಾಯ್ದೆ ಪ್ರಕಾರ ಪದವಿ ಕೊಡುವ ಹಕ್ಕು ಕಾನೂನಿನ ಪ್ರಕಾರ ಸ್ಥಾಪನೆಯಾದ ವಿಶ್ವವಿದ್ಯಾಲಯಕ್ಕೂ ಅಂಥ ಅಧಿಕಾರ ಪಡೆದ ಸಂಸ್ಥೆಗಳಿಗೂ ಮಾತ್ರ. ಡಿಪ್ಲೊಮಾ ಪದವಿ ಅಲ್ಲವಲ್ಲ ಅಂತ ಜಾರಿಕೊಳ್ಳಬಹುದು, ಆದರೆ ಬೆಲೆ ಇಲ್ಲದ ಕಾಗದಕ್ಕೆ ದುಡ್ಡು ಕೊಟ್ಟ ಹುಡುಗ ನಾಳೆ ಬಂದು ನಿಲ್ಲುವುದು ನಿಮ್ಮ ಜಗಲಿ ಮುಂದೆ. ಟ್ರಸ್ಟ್ ಕೂಡ ಯೋಚನೆ ಮಾಡಿ ಮಾಡುವ ಕೆಲಸ. ತೋಪನ್ನು ಸಾರ್ವಜನಿಕ ಟ್ರಸ್ಟಿಗೆ ಬರೆದುಕೊಟ್ಟು ರಿಜಿಸ್ಟರ್ ಮಾಡಿಸಿದರೆ ಅದು ನಿಮ್ಮ ಕೈ ಬಿಟ್ಟ ಹಾಗೆ, ಮನಸ್ಸು ಬದಲಾಯಿತು ಅಂತ ವಾಪಸ್ ಬರುವುದಿಲ್ಲ. ಅದರಲ್ಲಿ ಅಣ್ಣನ ಪಾಲು ಏನಾದರೂ ಇದ್ದರೆ ಅವರ ಮಕ್ಕಳ ಸಹಿ ಇಲ್ಲದೆ ಮುಟ್ಟಲೇಬೇಡಿ. ಕೃಷಿ ಜಮೀನಿನಲ್ಲಿ ಕಟ್ಟಡ ಅಂದರೆ ಡಿಸಿ ಹತ್ತಿರ ಕನ್ವರ್ಷನ್ ಬೇರೆ. ಸಂಘವಾದರೆ 1960ರ ಸಂಘಗಳ ನೋಂದಣಿ ಕಾಯ್ದೆ ಕೆಳಗೆ ಏಳು ಜನ ಸಾಕು, ಜಮೀನು ಬೇಡ. ಆದರೆ ವರ್ಷ ವರ್ಷ ಲೆಕ್ಕ ಒಪ್ಪಿಸುವ ತಲೆನೋವು ಇದೆ.

ನಾವೂ ಒಮ್ಮೆ ತುಮಕೂರಿನಲ್ಲಿ ಇಂಥದ್ದೇ ಒಂದು ಮಾಡಿ ಕೆಟ್ಟೆವು. ರೂಮು ಬಾಡಿಗೆ ಹಿಡಿದೆವು, ಬೋರ್ಡು ಬರೆಸಿದೆವು, ಮೂರು ತಿಂಗಳು ನಿಯಮಾವಳಿ ತಿದ್ದುವುದರಲ್ಲೇ ಹೋಯಿತು. ಕಾಲದ ಬಗ್ಗೆ ಮಾತಾಡಿದ್ದು ಒಟ್ಟು ಎರಡು ಸಂಜೆ. ಅಧ್ಯಕ್ಷ ಯಾರು ಅನ್ನುವುದಕ್ಕೆ ಇಬ್ಬರು ಮಾತು ಬಿಟ್ಟರು. ಅದರಲ್ಲಿ ಒಬ್ಬ ನಾನೇ.

ಹಾಗಾಗಿ ನನ್ನ ಮಾತು ಕೇಳುವುದಾದರೆ ಅಕಾಡೆಮಿ ನೋಟ್‌ಬುಕ್ಕಿನಲ್ಲೇ ಇರಲಿ. ಅಲ್ಲಿ ಅದಕ್ಕೆ ಕನ್ವರ್ಷನ್ ಬೇಡ, ಬೇಕಾದಾಗ ಗಂಟೆಯ ಜಾಗ ಬದಲಾಯಿಸಬಹುದು. ತೋಪಿನಲ್ಲಿ ತಿಂಗಳಿಗೆ ಒಂದು ಭಾನುವಾರ ನಾಲ್ಕು ಜನ ಸೇರಿ. ಪಂಚಾಂಗ ನೋಡುವವರನ್ನು ಕರೆಯಿರಿ, ಅಣ್ಣನ ಮಗನನ್ನೂ ಕರೆಯಿರಿ, ಕೆಜಿಎಫ್ ಗಣಿಯಲ್ಲಿ ದುಡಿದವರು ಸಿಕ್ಕರೆ ಬಿಡಬೇಡಿ. ಆಳದಲ್ಲಿ ಶಿಫ್ಟ್ ಮಾಡುವಾಗ ಹೊತ್ತು ಹೇಗೆ ಗೊತ್ತಾಗುತ್ತಿತ್ತು ಅಂತ ಕೇಳಿ. ಮನೆಯವರಿಗೆ ಕಾಫಿ ಮಾಡುವ ಕೆಲಸ ಮಾತ್ರ ಹಚ್ಚಬೇಡಿ, ಅವರೂ ಕೂರಲಿ. ಇದರಲ್ಲೂ ಅಪಾಯ ಒಂದಿದೆ, ಮೂರನೇ ತಿಂಗಳಿಗೆ ಯಾರೂ ಬರದೇ ಇರಬಹುದು. ನಷ್ಟ ಕಾಫಿ ಪುಡಿ ಅಷ್ಟೇ.

ಮೊದಲ ಭಾನುವಾರಕ್ಕೆ ಒಂದು ಕೆಲಸ ಹೇಳುತ್ತೇನೆ. ನಮ್ಮ ಗಡಿಯಾರಗಳೆಲ್ಲ ಓಡುವುದು 82.5 ಡಿಗ್ರಿ ಪೂರ್ವ ರೇಖಾಂಶದ ಹೊತ್ತಿನಲ್ಲಿ, ಅದು ನಿಮ್ಮ ಊರಿನದೂ ಅಲ್ಲ ನಮ್ಮ ಊರಿನದೂ ಅಲ್ಲ. ಮುಳಬಾಗಿಲಿನ ಸ್ವಂತ ಹೊತ್ತು ಅದಕ್ಕಿಂತ ಸುಮಾರು 16 ನಿಮಿಷ ಹಿಂದೆ, ತುಮಕೂರಿನದು 21ಕ್ಕೂ ಸ್ವಲ್ಪ ಜಾಸ್ತಿ. ಮೂಡಲ ಬಾಗಿಲು ಅಂತ ನಿಮ್ಮ ಊರಿಗೆ ಸುಮ್ನೆ ಹೆಸರಿಟ್ಟಿಲ್ಲ. ಇದರ ಮೇಲೆ ಸೂರ್ಯ ವರ್ಷದುದ್ದಕ್ಕೂ ಸ್ವಲ್ಪ ಹಿಂದೆ ಮುಂದೆ ಆಡುತ್ತಾನೆ. ಫೆಬ್ರವರಿ ಮಧ್ಯದಲ್ಲಿ ನಿಮ್ಮಲ್ಲಿ ನಡುಮಧ್ಯಾಹ್ನ ಆಗುವುದು ಹನ್ನೆರಡೂವರೆಗೆ. ನವೆಂಬರ್ ಮೊದಲ ವಾರದಲ್ಲಿ ಹೆಚ್ಚುಕಡಿಮೆ ಸರಿಯಾಗಿ ಹನ್ನೆರಡಕ್ಕೆ.

ಒಂದು ಕೋಲು ನೆಟ್ಟಗೆ ನೆಡಿ. ಸುತ್ತ ಒಂದು ವೃತ್ತ ಎಳೆದು, ಬೆಳಿಗ್ಗೆ ನೆರಳಿನ ತುದಿ ವೃತ್ತ ಮುಟ್ಟಿದ ಕಡೆ ಒಂದು ಗುರುತು, ಮಧ್ಯಾಹ್ನದ ಮೇಲೆ ಮುಟ್ಟಿದ ಕಡೆ ಇನ್ನೊಂದು ಗುರುತು ಹಾಕಿ. ಎರಡರ ನಡುಮಧ್ಯದಿಂದ ಕೋಲಿಗೆ ಗೆರೆ ಎಳೆದರೆ ಉತ್ತರ ದಕ್ಷಿಣ ಸಿಕ್ಕಿತು. ಸೂರ್ಯಸಿದ್ಧಾಂತ ಅನ್ನುವ ಹಳೆಯ ಖಗೋಳ ಗ್ರಂಥದವರು ಶಂಕು, ಅಂದರೆ ನೆಟ್ಟಗಿನ ಕೋಲು, ನೆಟ್ಟು ಮಾಡಿದ್ದೂ ಇದನ್ನೇ. ಮಾರನೇ ದಿನ ನೆರಳು ಆ ಗೆರೆಯ ಮೇಲೆ ಬಿದ್ದ ಕ್ಷಣ ನಿಮ್ಮ ಊರಿನ ನಡುಮಧ್ಯಾಹ್ನ. ಆಗ ನನಗೊಂದು ಮಿಸ್ಡ್ ಕಾಲ್ ಕೊಡಿ. ಇಲ್ಲಿ ನಾನೂ ಕೋಲು ನೆಟ್ಟುಕೊಂಡು ಕೂತಿರುತ್ತೇನೆ, ನನ್ನ ನೆರಳು ಗೆರೆ ಮುಟ್ಟಲು ಇನ್ನೂ ಐದು ನಿಮಿಷ ಬಾಕಿ ಇರುತ್ತದೆ.